ಬಾಯಿ ಬಿಡಿಸುವ ಮೊದಲು

ಒಂದು ರಾತ್ರಿ ಕಾರ್ಯಕ್ರಮ ಮುಗಿದ ಮೇಲೆ ಹೊನ್ನಾಳಿಯಿಂದ ಹಿರಿಯರೊಬ್ಬರು ಫೋನ್ ಮಾಡಿದ್ದರು. ಯಾವುದೋ ಕೇಸಿನ ವಿಚಾರಣೆ ಅಂತ ಮಗನನ್ನು ದಿನಾ ಠಾಣೆಗೆ ಕರೆಸುತ್ತಿದ್ದರಂತೆ. "ಬೆಳಗ್ಗೆ ಹೋದೋನು ರಾತ್ರಿ ಬರ್ತಾನೆ. ಕೇಸೂ ಹಾಕಿಲ್ಲ, ಬಿಡ್ತಾನೂ ಇಲ್ಲ. ಕೋರ್ಟಿಗೆ ಹೋದ್ರೆ ಪೊಲೀಸ್ರಿಗೆ ಇನ್ನೂ ಸಿಟ್ಟು ಬರಲ್ವಾ ತಮ್ಮಾ?"

ನನಗೆ ಉತ್ತರ ಹೊಳೆಯಲಿಲ್ಲ. ಓದಿದ್ದು ಇಂಜಿನಿಯರಿಂಗ್. ಈ ಭಯಕ್ಕೂ ಒಂದು ಇತಿಹಾಸ ಇದೆ ಅಂತ ಗೊತ್ತಾಗಿದ್ದು ಆಮೇಲೆ ಹಳೇ ತೀರ್ಪುಗಳನ್ನು ಓದಿದಾಗ.

ಬ್ರಿಟಿಷರ 1898ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ನಿರೀಕ್ಷಣಾ ಜಾಮೀನು ಅನ್ನೋದೇ ಇರಲಿಲ್ಲ. ಪ್ರಭಾವಿಗಳು ಎದುರಾಳಿಗಳನ್ನು ಸುಳ್ಳು ಕೇಸಿನಲ್ಲಿ ಸಿಕ್ಕಿಸಿ, ನಾಲ್ಕು ದಿನ ಜೈಲಿಗಟ್ಟಿ ಮಾನ ಕಳೆಯುತ್ತಾರೆ ಎಂದು 1969ರಲ್ಲಿ ಕಾನೂನು ಆಯೋಗ ತನ್ನ 41ನೇ ವರದಿಯಲ್ಲಿ ಹೇಳಿತು. 1974ರ ಏಪ್ರಿಲ್ 1ರಂದು ಜಾರಿಯಾದ ಹೊಸ ಸಂಹಿತೆಯಲ್ಲಿ 438ನೇ ಕಲಂ ಬಂತು. ಇದಕ್ಕೆ ಹೊನ್ನಾಳಿಯವರು ಬೆಂಗಳೂರಿನ ಹೈಕೋರ್ಟ್ ತನಕ ಬರಬೇಕೆಂದೇನಿಲ್ಲ, ದಾವಣಗೆರೆಯ ಸೆಷನ್ಸ್ ಕೋರ್ಟಿನಲ್ಲೇ ಕೇಳಬಹುದು.

ಸರಿ, ಬಂಧನ ತಪ್ಪಿತು. ವಿಚಾರಣೆ ಕೋಣೆಯೊಳಗೆ ಕಾಪಾಡೋರು ಯಾರು? 1978ರಲ್ಲಿ ಒಡಿಶಾದ ಮಾಜಿ ಮುಖ್ಯಮಂತ್ರಿ ನಂದಿನಿ ಸತ್ಪತಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ಉತ್ತರ ಕೊಟ್ಟಿತ್ತು. ತನ್ನನ್ನೇ ಅಪರಾಧದಲ್ಲಿ ಸಿಲುಕಿಸುವ ಪ್ರಶ್ನೆಗೆ ಸುಮ್ಮನಿರುವ ಹಕ್ಕು ಠಾಣೆಯಲ್ಲೂ ಇದೆ ಅಂತ. ಆದರೂ ಆಮೇಲೆ ಮಂಪರು ಪರೀಕ್ಷೆ ಬಂತು. ಚುಚ್ಚುಮದ್ದು ಕೊಟ್ಟು ಬಾಯಿ ಬಿಡಿಸುವುದು! ಅದಕ್ಕೆ ದೇಶದಲ್ಲೇ ಹೆಸರುವಾಸಿಯಾಗಿದ್ದು ನಮ್ಮ ಬೆಂಗಳೂರು. ಬೇರೆ ರಾಜ್ಯದ ಪೊಲೀಸರೂ ಆರೋಪಿಗಳನ್ನು ಇಲ್ಲಿಗೇ ಕರೆತರುತ್ತಿದ್ದರು. ಛಾಪಾ ಕಾಗದ ಹಗರಣದ ತೆಲಗಿ ಮಂಪರಿನಲ್ಲಿ ತೊದಲಿದ ವಿಡಿಯೋವನ್ನು 2006ರಲ್ಲಿ ಚಾನೆಲ್‌ಗಳು ಪ್ರಸಾರ ಮಾಡಿದವು. ನಾನಾಗ ಶಾಲಾ ಹುಡುಗ. ಮನೆಯಲ್ಲಿ ಎಲ್ಲರೂ ಊಟ ಮಾಡುತ್ತಾ ನೋಡಿದ್ದೆವು. ಅಂಥ ಪರೀಕ್ಷೆ ಸರಿಯೋ ತಪ್ಪೋ ಅಂತ ಯಾರೂ ಕೇಳಲಿಲ್ಲ, ನಾನೂ ಕೇಳಲಿಲ್ಲ.

ಕೇಳಿದ್ದು ಕೋರಮಂಗಲ ಪೊಲೀಸರ ಕೇಸೊಂದರಲ್ಲಿದ್ದವರು. 2004ರಲ್ಲಿ ಕರ್ನಾಟಕ ಹೈಕೋರ್ಟಿನಲ್ಲಿ ಸೋತರು. ಸುಪ್ರೀಂ ಕೋರ್ಟಿಗೆ ಹೋದರು. ಅದೇ ಸೆಲ್ವಿ ಪ್ರಕರಣ. ತೀರ್ಪು ಬಂದಿದ್ದು 2010ರ ಮೇ 5ರಂದು: ಮಂಪರು ಪರೀಕ್ಷೆ, ಸುಳ್ಳು ಪತ್ತೆ, ಬ್ರೇನ್ ಮ್ಯಾಪಿಂಗ್ ಯಾವುದನ್ನೂ ಒತ್ತಾಯದಿಂದ ಮಾಡುವಂತಿಲ್ಲ. ಸುಳ್ಳು ಪತ್ತೆಗೆ ಒಪ್ಪಿದರೂ ಆ ಒಪ್ಪಿಗೆ ಮ್ಯಾಜಿಸ್ಟ್ರೇಟರ ಮುಂದೆ ದಾಖಲಾಗಬೇಕು. ನಾಡಿಬಡಿತ ಅಳೆಯುವ ಯಂತ್ರ ಅಳೆಯೋದು ನಾಡಿಬಡಿತವನ್ನು, ಸತ್ಯವನ್ನಲ್ಲ. ಇಷ್ಟು ಮಾತ್ರ ನನ್ನ ಇಂಜಿನಿಯರಿಂಗ್‌ನಿಂದಲೂ ಹೇಳಬಲ್ಲೆ.

ಆದರೆ ನಮ್ಮ ಸ್ಕ್ರೀನ್ ಮೇಲೆ ಇವತ್ತಿಗೂ "ಬಾಯಿ ಬಿಡದ ಆರೋಪಿ" ಅಂತಲೇ ಬರುತ್ತೆ. ನಾನೇ ಎಷ್ಟು ಸಲ ಓದಿದ್ದೀನೋ ಲೆಕ್ಕವಿಲ್ಲ. ಸುಮ್ಮನಿದ್ದವನನ್ನು ನಾವು ಆಗಲೇ ಅಪರಾಧಿ ಮಾಡಿಬಿಟ್ಟಿರುತ್ತೇವೆ. ಆ ಹಿರಿಯರ ಭಯಕ್ಕೆ ಪೊಲೀಸರಷ್ಟೇ ಕಾರಣ ಅಂತ ಹೇಗೆ ಹೇಳಲಿ?

ಮರುದಿನ ಅವರಿಗೆ ಫೋನ್ ಮಾಡಿ, "ಲಿಖಿತ ನೋಟಿಸ್ ಕೊಟ್ಟಿದ್ದಾರಾ ಯಜಮಾನ್ರೇ?" ಅಂತ ಕೇಳಿದೆ.

"ಇಲ್ಲಪ್ಪ, ಫೋನಲ್ಲೇ ಕರೀತಾರೆ."

"ಹಾಗಾದ್ರೆ ನಾಳೆ ಠಾಣೆಗಿಂತ ಮೊದ್ಲು ವಕೀಲರ ಹತ್ರ ಹೋಗಿ" ಅಂದೆ.