ಪರ್ಪಲ್ ಲೈನ್ ಹಿಸ್ಟರಿ, ಭಾಗ 6: ಪಕ್ಕದ ಸೀಟಿನ ಬಂಗಾಳಿ ಪೇಪರ್

(1/4)
ಮೊನ್ನೆ ಕಾಲೇಜು ಮುಗಿಸಿ ಮೆಟ್ರೋದಲ್ಲಿ ಕಾಡುಗೋಡಿಗೆ ಬರ್ತಿದ್ದೆ. ಪಕ್ಕದಲ್ಲಿ ಕೂತಿದ್ದ ಅಣ್ಣ ಫೋನಲ್ಲಿ ಏನೋ ಪೇಪರ್ ಓದ್ತಿದ್ರು. ಯಾವ ಅಕ್ಷರ ಅಂತ ನಾನು ಬಗ್ಗಿ ನೋಡಿದ್ದೇ ತಡ, ಫೋನ್ ತಿರುಗಿಸಿಬಿಟ್ರು. "ಸಾರಿ ಅಣ್ಣ, ಸುಮ್ನೆ ನೋಡ್ದೆ" ಅಂದೆ. ಅರ್ಧ ಕನ್ನಡ, ಅರ್ಧ ಹಿಂದಿಯಲ್ಲಿ ಹೇಳಿದ್ರು: "ಈ ಅಕ್ಷರ ನೋಡಿದ್ರೆ ಕೆಲವರು ಬಾಂಗ್ಲಾದೇಶಾನಾ ಅಂತಾರೆ." ಅವರ ಊರು ಪಶ್ಚಿಮ ಬಂಗಾಳದ ಮುರ್ಷಿದಾಬಾದ್. ಓದ್ತಿದ್ದದ್ದು ಆನಂದಬಜಾರ್ ಪತ್ರಿಕಾ, 1922ರಲ್ಲಿ ಕೋಲ್ಕತ್ತಾದಲ್ಲಿ ಶುರುವಾದ ಪೇಪರ್.

ನಿಜ ಹೇಳ್ತೀನಿ, ನಮ್ಮ ಕ್ಲಾಸ್ ಗ್ರೂಪಲ್ಲಿ ಅದೇ ಥರದ ಮೀಮ್ ಬಂದಾಗ ನಾನೂ ನಗೋ ಇಮೋಜಿ ಹಾಕಿದ್ದೆ.

(2/4)
ಈಗ ನಿಮಗೊಂದು ಪ್ರಶ್ನೆ. ಕನ್ನಡ ಅಕ್ಷರ ಅಚ್ಚಾದ ಮೊಟ್ಟಮೊದಲ ಪುಸ್ತಕಗಳಲ್ಲಿ ಒಂದು ಎಲ್ಲಿ ಬಂತು? ಮೈಸೂರಾ? ಮಂಗಳೂರಾ?

ಎರಡೂ ಅಲ್ಲ. ಬಂಗಾಳದ ಸೆರಾಂಪುರ! ಕೋಲ್ಕತ್ತಾ ಹತ್ತಿರ, ಹೂಗ್ಲಿ ನದಿ ದಡದ ಊರು. 1817ರಲ್ಲಿ ವಿಲಿಯಂ ಕೇರಿ ಇಂಗ್ಲಿಷಿನಲ್ಲಿ ಬರೆದ ಕನ್ನಡ ವ್ಯಾಕರಣ ಅಲ್ಲಿನ ಮಿಷನ್ ಪ್ರೆಸ್ಸಲ್ಲಿ ಅಚ್ಚಾಯ್ತು. ಕೇರಿಯೂ ಅಲ್ಲಿಗೆ ಹೊರಗಿನವನೇ. ಈಸ್ಟ್ ಇಂಡಿಯಾ ಕಂಪನಿಗೆ ಮಿಷನರಿಗಳು ಬೇಡವಾಗಿದ್ರು, ಹಾಗಾಗಿ ಆಗ ಡೆನ್ಮಾರ್ಕಿನ ಕೈಲಿದ್ದ ಸೆರಾಂಪುರದಲ್ಲಿ ನೆಲೆ ನಿಂತ. ಆ ಪ್ರೆಸ್ಸಿಗೆ ಅಚ್ಚುಮೊಳೆ ಮಾಡೋ ಕೆಲಸಕ್ಕೆ ಬುನಾದಿ ಹಾಕಿದವರು ಪಂಚಾನನ ಕರ್ಮಕಾರ ಅನ್ನೋ ಬಂಗಾಳಿ ಕುಶಲಕರ್ಮಿ.

(3/4)
ಮರುವರ್ಷವೇ, 23 ಮೇ 1818ರಂದು, ಅದೇ ಪ್ರೆಸ್ಸಿಂದ 'ಸಮಾಚಾರ್ ದರ್ಪಣ್' ಅನ್ನೋ ಬಂಗಾಳಿ ವಾರಪತ್ರಿಕೆ ಹೊರಬಂತು.

ನಮ್ಮ ಸರದಿ ಬಂದದ್ದು 25 ವರ್ಷದ ನಂತರ. 1 ಜುಲೈ 1843ರಂದು ಮಂಗಳೂರಲ್ಲಿ ಜರ್ಮನಿಯ ಹರ್ಮನ್ ಮೊಗ್ಲಿಂಗ್ 'ಮಂಗಳೂರ ಸಮಾಚಾರ' ಶುರು ಮಾಡಿದ್ರು. ಕಲ್ಲಚ್ಚಿನ ಪತ್ರಿಕೆ, ಹದಿನೈದು ದಿನಕ್ಕೊಂದು. 1844ರಲ್ಲಿ ಅದು ಬಳ್ಳಾರಿಗೆ ಹೋಗಿ ಮೊಳೆ ಅಚ್ಚಿಗೆ ಬದಲಾಯ್ತು. ಇವತ್ತಿಗೂ ಜುಲೈ 1 ನಮ್ಮ ಪತ್ರಿಕಾ ದಿನ.

ಎರಡೂ ಹೆಸರಲ್ಲಿರೋ ಪದ ನೋಡಿ: ಸಮಾಚಾರ. ಊರು ಬೇರೆ, ಲಿಪಿ ಬೇರೆ, ಪದ ಒಂದೇ.

(4/4)
ನಮ್ಮ ಚಿಕ್ಕಪ್ಪ ಪುಣೆಯಲ್ಲಿ ಕೆಲಸ ಮಾಡ್ತಾರೆ. ದಿನಾ ಬಸ್ಸಲ್ಲಿ ಪ್ರಜಾವಾಣಿ ಇ-ಪೇಪರ್ ಓದ್ತಾರೆ, ಊರ ಕಡೆ ಮಳೆ ಬಂತಾ ಅಂತ ನೋಡೋಕೆ. ಅವರು ಯಾರಿಗೂ ಹೆದರಿ ಫೋನ್ ತಿರುಗಿಸಬೇಕಾಗಿ ಬಂದಿಲ್ಲ.

ನಾನು ಆ ಅಣ್ಣನಿಗೆ "ಊರಲ್ಲಿ ಏನು ಸಮಾಚಾರ?" ಅಂದೆ. ಫೋನ್ ನನ್ನ ಕಡೆ ತಿರುಗಿಸಿ ಒಂದು ಫೋಟೋ ತೋರಿಸಿದ್ರು. ಅವರ ಊರಲ್ಲೂ ಮಳೆ.

ಗ್ರೂಪಲ್ಲಿ ಹಾಕಿದ್ದ ಇಮೋಜಿ ತೆಗೆದಿದೀನಿ. ನಿಮ್ಮ ಮನೆಯವರು ಹೊರರಾಜ್ಯದಲ್ಲಿ ಯಾವ ಕನ್ನಡ ಪೇಪರ್ ಓದ್ತಾರೆ? ಕಮೆಂಟಲ್ಲಿ ಹೇಳಿ.

#ಪರ್ಪಲ್‌ಲೈನ್‌ಹಿಸ್ಟರಿ #ವೈಟ್‌ಫೀಲ್ಡ್