ರವೀಂದ್ರರ ಕೃತಿಗಳಿಗೆ ದೊರೆತ ಹತ್ತು ವರ್ಷ

ಪುಸ್ತಕದ ಎರಡನೆಯ ಪುಟದಲ್ಲಿ ‘ಹಕ್ಕುಗಳನ್ನು ಕಾಯ್ದಿರಿಸಿದೆ’ ಎಂಬ ಸಾಲು ಇರುತ್ತದಲ್ಲವೆ? ತರಗತಿಯಲ್ಲಿ ಆ ಪುಟವನ್ನು ಹಾರಿಸಿಯೇ ನಾವು ಪಾಠಕ್ಕೆ ಹೋಗುತ್ತಿದ್ದೆವು. ಆ ಸಾಲಿನ ಹಿಂದಿರುವ ಒಂದು ಸಂಗತಿಯನ್ನು ನನ್ನ ಹಳೆಯ ವಿದ್ಯಾರ್ಥಿಗಳಿಗಾಗಿ ಇಲ್ಲಿ ಬರೆಯುತ್ತಿದ್ದೇನೆ.

ರವೀಂದ್ರನಾಥ ಠಾಕೂರರು ತೀರಿಕೊಂಡದ್ದು 1941ರ ಆಗಸ್ಟ್ 7ರಂದು. 1957ರ ನಮ್ಮ ಕೃತಿಸ್ವಾಮ್ಯ ಕಾಯಿದೆಯಲ್ಲಿ ಲೇಖಕನ ಮರಣಾನಂತರ ಐವತ್ತು ವರ್ಷಗಳ ಕಾಲ ಹಕ್ಕು ಉಳಿಯುತ್ತಿತ್ತು. ಎಣಿಕೆ ಮರುವರ್ಷದ ಜನವರಿಯಿಂದ. ಆ ಲೆಕ್ಕದಲ್ಲಿ ಕವಿಗಳ ಕೃತಿಗಳು 1991ರ ಡಿಸೆಂಬರ್ 31ರ ನಂತರ ಸರ್ವರ ಸ್ವತ್ತಾಗಬೇಕಾಗಿತ್ತು. ಹಕ್ಕುದಾರರು ಮಕ್ಕಳು ಮೊಮ್ಮಕ್ಕಳಲ್ಲ, ಅವರೇ ಕಟ್ಟಿ ಬೆಳೆಸಿದ ವಿಶ್ವಭಾರತಿ. ಅವಧಿ ಮುಗಿಯಲು ಕೆಲವೇ ದಿನಗಳಿರುವಾಗ ಪಿ.ವಿ. ನರಸಿಂಹರಾಯರ ಸರ್ಕಾರ ಸುಗ್ರೀವಾಜ್ಞೆ ಹೊರಡಿಸಿ ಐವತ್ತನ್ನು ಅರವತ್ತಾಗಿಸಿತು. 1992ರಲ್ಲಿ ಸಂಸತ್ತು ಅದಕ್ಕೆ ಕಾಯಿದೆಯ ರೂಪ ಕೊಟ್ಟಿತು.

ಪುಸ್ತಕದ ಆದಾಯ ವಿದ್ಯಾಸಂಸ್ಥೆಗೆ ಸಲ್ಲುವುದರಲ್ಲಿ ನನಗೆ ತಕರಾರಿಲ್ಲ. ಆದರೆ ಹಕ್ಕೆಂಬುದು ಹಣಕ್ಕಷ್ಟೇ ಸೀಮಿತವಾಗಿರಲಿಲ್ಲ. ರವೀಂದ್ರ ಸಂಗೀತದ ಧ್ವನಿಮುದ್ರಣಕ್ಕೆ ವಿಶ್ವಭಾರತಿಯ ಸಂಗೀತ ಮಂಡಳಿಯ ಒಪ್ಪಿಗೆ ಬೇಕಾಗಿತ್ತು. ದೇವವ್ರತ ಬಿಸ್ವಾಸ್ ಬಂಗಾಳದ ಮನೆಮನೆಗೂ ಪ್ರಿಯರಾದ ಗಾಯಕರು. ವಾದ್ಯಗಳ ಬಳಕೆ ಹೆಚ್ಚಾಯಿತು, ಹಾಡಿನ ಗತಿ ಸರಿಯಿಲ್ಲ ಎಂಬಂಥ ಆಕ್ಷೇಪಗಳು ಮಂಡಳಿಯಿಂದ ಬಂದವು. ಬೇಸತ್ತ ಅವರು 1970ರ ದಶಕದ ಆರಂಭದಲ್ಲಿ ರವೀಂದ್ರರ ಹಾಡುಗಳ ಧ್ವನಿಮುದ್ರಣವನ್ನೇ ನಿಲ್ಲಿಸಿಬಿಟ್ಟರು, 1980ರಲ್ಲಿ ತೀರಿಕೊಂಡರು. ಕವಿ ಬದುಕಿದ್ದಿದ್ದರೆ ಏನೆನ್ನುತ್ತಿದ್ದರೋ! ಶುದ್ಧಪಾಠದ ರಕ್ಷಣೆ ಬೇಕು, ನಿಜ. ಆದರೆ ಹಾಡುವವರ ಕೊರಳನ್ನು ಸಮಿತಿಯೊಂದು ಅಳೆಯುವುದು ನನಗೆ ಒಪ್ಪಿಗೆಯಾಗುವ ಮಾತಲ್ಲ.

ಕಾಯಿದೆ ಒಬ್ಬರ ಹೆಸರಿನಲ್ಲಿ ಬರೆಯಲ್ಪಡುವುದಿಲ್ಲವಷ್ಟೆ. ಠಾಕೂರರ ನಿಮಿತ್ತ ಬಂದ ಹತ್ತು ವರ್ಷ ಇಡೀ ದೇಶದ ಲೇಖಕರಿಗೂ ಅನ್ವಯಿಸಿತು. ನಮ್ಮವರನ್ನೇ ನೋಡಿ. ನೀವೆಲ್ಲ ಎಳವೆಯಲ್ಲಿ ಓದಿದ ಪಂಜೆ ಮಂಗೇಶರಾಯರು 1937ರಲ್ಲಿ ತೀರಿಕೊಂಡವರು. ಅವರ ಕೃತಿಗಳು 1987ರ ಕೊನೆಗೇ ಮುಕ್ತವಾಗಿದ್ದವು, ತಿದ್ದುಪಡಿ ಅವುಗಳನ್ನು ಮುಟ್ಟಲಿಲ್ಲ. ಬಿ.ಎಂ. ಶ್ರೀಕಂಠಯ್ಯನವರು ತೀರಿಕೊಂಡದ್ದು 1946ರ ಜನವರಿಯಲ್ಲಿ. ಹಳೆಯ ಲೆಕ್ಕದಲ್ಲಿ 1996ಕ್ಕೆ ಮುಗಿಯಬೇಕಾಗಿದ್ದ ‘ಶ್ರೀ’ಯವರ ಹಕ್ಕು 2006ರ ಕೊನೆಯವರೆಗೂ ಉಳಿಯಿತು.

ಶಾಂತಿನಿಕೇತನಕ್ಕೆ ದೊರೆತ ಅವಧಿ 2001ರ ಡಿಸೆಂಬರ್ 31ಕ್ಕೆ ಮುಗಿಯಿತು. ಮರುದಿನದಿಂದ ಠಾಕೂರರ ಹಾಡುಗಳನ್ನು ಮುದ್ರಿಸಲು ಯಾವ ಗಾಯಕರೂ ಮಂಡಳಿಯ ಬಾಗಿಲಿಗೆ ಹೋಗಬೇಕಾಗಿರಲಿಲ್ಲ.