ಗಿಟಾರು, ಉದ್ದ ಕೂದಲು ಮತ್ತು ಸರ್ಕಾರ

1965ರ ಜೂನ್ ತಿಂಗಳು. ಇಂಡೊನೇಷ್ಯಾದ ರಾಜಧಾನಿ ಜಕಾರ್ತದ ಮನೆಯೊಂದರ ಸಂತೋಷಕೂಟದಲ್ಲಿ ಕೋಯೆಸ್ ಸಹೋದರರು ಬೀಟಲ್ಸ್ ತಂಡದ ಹಾಡು ಹಾಡಿದರು. ಕೆಲವೇ ದಿನಗಳಲ್ಲಿ ಅವರು ಗ್ಲೊಡೊಕ್ ಸೆರೆಮನೆ ಸೇರಿದರು. ಅವರು ಮಾಡಿದ್ದು ಕಳವಲ್ಲ, ಕೊಲೆಯಲ್ಲ. ಆದರೂ ಹೊರಬರಲು ಮೂರು ತಿಂಗಳು ಬೇಕಾಯಿತು.

ಇದಕ್ಕೊಂದು ಹಿನ್ನೆಲೆಯಿದೆ. ಡಚ್ಚರಿಂದ ಬಿಡುಗಡೆ ಪಡೆದ ದೇಶಕ್ಕೆ ತನ್ನದೇ ಸಂಸ್ಕೃತಿ ಬೇಕೆಂಬುದು ಅಧ್ಯಕ್ಷ ಸುಕಾರ್ನೊ ಅವರ ಹಂಬಲವಾಗಿತ್ತು. 1959ರ ಸ್ವಾತಂತ್ರ್ಯ ದಿನದ ಭಾಷಣದಲ್ಲಿ ಅವರು ರಾಕ್ ಅಂಡ್ ರೋಲ್ ಕುಣಿತವನ್ನು ಖಂಡಿಸಿ, ಆ ಸಂಗೀತವನ್ನು 'ಙಕ್-ಙಿಕ್-ಙೊಕ್' ಎಂದು ಹಂಗಿಸಿದರು. ಬಾನುಲಿಯಲ್ಲಿ ಅದಕ್ಕೆ ನಿಷೇಧ ಬಿತ್ತು. ದೇಶೀಯ 'ಲೆನ್ಸೊ' ನೃತ್ಯಕ್ಕೆ ಪ್ರೋತ್ಸಾಹ ದೊರೆಯಿತು. ಪರಕೀಯರ ಆಳ್ವಿಕೆಯ ಕಹಿ ಉಂಡವರ ಈ ಆತಂಕ ಅರ್ಥವಾಗುವಂಥದೇ. ಆದರೆ ತರುಣರಿಗೆ ಗಿಟಾರಿನಲ್ಲಿ ಕೇಳಿಸಿದ್ದು ಪರಕೀಯರ ದರ್ಪವಲ್ಲ, ತಮ್ಮದೇ ವಯಸ್ಸಿನ ದನಿ.

ಸುಹಾರ್ತೊ ಆಳ್ವಿಕೆ ಬಂದ ಮೇಲೆ ಪಾಪ್ ಸಂಗೀತಕ್ಕೆ ಬಾಗಿಲು ತೆರೆಯಿತು. 1969ರಲ್ಲಿ ಕುಟುಂಬದ ಹೊರಗಿನ ಡ್ರಮ್ ವಾದಕನೊಬ್ಬ ಸೇರಿ ತಂಡ 'ಕೋಯೆಸ್ ಪ್ಲಸ್' ಆಯಿತು. ಜಾವಾ ಭಾಷೆಯಲ್ಲೂ ಮಲಯ್ ಧಾಟಿಯಲ್ಲೂ ಅವರು ಹಾಡಿದರು. ಪರದೇಶಿ ಎನಿಸಿಕೊಂಡಿದ್ದ ಗಿಟಾರು ಹೀಗೆ ಮನೆಮಾತಾಯಿತು.

ಆದರೆ ಹೊಸ ಸರ್ಕಾರದ ಕಣ್ಣು ಕೂದಲಿನ ಮೇಲೆ ಬಿತ್ತು. ಉದ್ದ ಕೂದಲಿನ ಹುಡುಗರನ್ನು 'ಗೊಂಡ್ರೊಂಗ್' ಎಂದು ಕರೆದು, ಪೊಲೀಸರು ಬೀದಿಯಲ್ಲೇ ಕತ್ತರಿ ಆಡಿಸಿದರು. 1970ರ ಅಕ್ಟೋಬರ್‌ನಲ್ಲಿ ಬಾಂಡುಂಗ್ ನಗರದಲ್ಲಿ ಈ ಕತ್ತರಿ ಕಾರ್ಯಾಚರಣೆಯಿಂದ ಮನಸ್ತಾಪ ಬೆಳೆದು, ಪೊಲೀಸ್ ತರಬೇತಿ ಅಭ್ಯರ್ಥಿಗಳೊಡನೆ ನಡೆದ ಘರ್ಷಣೆಯಲ್ಲಿ ವಿದ್ಯಾರ್ಥಿಯೊಬ್ಬ ಗುಂಡಿಗೆ ಬಲಿಯಾದ. 1998ರ ಮೇ ತಿಂಗಳಲ್ಲಿ ಸಂಸತ್ ಭವನಕ್ಕೆ ನುಗ್ಗಿ ಕುಳಿತು ಸುಹಾರ್ತೊ ಪದತ್ಯಾಗಕ್ಕೆ ಒತ್ತಾಯಿಸಿದವರೂ ವಿದ್ಯಾರ್ಥಿಗಳೇ.

ಪ್ರಜಾಪ್ರಭುತ್ವ ಬಂದರೂ ಕತ್ತರಿ ಮೂಲೆ ಸೇರಲಿಲ್ಲ. 2011ರ ಡಿಸೆಂಬರ್‌ನಲ್ಲಿ ಅಚೇ ಪ್ರಾಂತ್ಯದ ಪೊಲೀಸರು ಸಂಗೀತ ಕಛೇರಿಯೊಂದರಲ್ಲಿ ಅರುವತ್ತಕ್ಕೂ ಹೆಚ್ಚು ಪಂಕ್ ತರುಣ ತರುಣಿಯರನ್ನು ಹಿಡಿದರು. ಹುಡುಗರ ತಲೆ ಬೋಳಿಸಿ, ಎಲ್ಲರಿಗೂ 'ಶಿಸ್ತಿನ ಪಾಠ' ಹೇಳಿಸಿದರು.

2022ರ ಜುಲೈನಲ್ಲಿ ಮತ್ತೊಂದು ದೃಶ್ಯ. ಹೊರವಲಯದ ಚಿತಾಯಮ್, ಡೆಪೊಕ್‌ಗಳ ಸಾಮಾನ್ಯ ಮನೆಗಳ ಮಕ್ಕಳು ಲೋಕಲ್ ರೈಲು ಹಿಡಿದು ಜಕಾರ್ತದ ಹೃದಯಭಾಗಕ್ಕೆ ಬಂದರು. ಗಗನಚುಂಬಿ ಕಟ್ಟಡಗಳ ನಡುವೆ, ರಸ್ತೆ ದಾಟುವ ಜೀಬ್ರಾ ಪಟ್ಟೆಯ ಮೇಲೆ ಅಗ್ಗದ ಬಟ್ಟೆ ತೊಟ್ಟು ರೂಪದರ್ಶಿಗಳಂತೆ ನಡೆದರು. ಇದು 'ಚಿತಾಯಮ್ ಫ್ಯಾಶನ್ ವೀಕ್' ಎಂದು ಹೆಸರಾಯಿತು. ಹೆಸರಾಂತ ನಟನೊಬ್ಬನ ಸಂಸ್ಥೆ ಆ ಹೆಸರನ್ನು ತನ್ನ ವ್ಯಾಪಾರ ಮುದ್ರೆಯಾಗಿಸಲು ಹೊರಟು, ಟೀಕೆಗೆ ಮಣಿದು ಹಿಂದೆ ಸರಿಯಿತು. ಸಂಚಾರಕ್ಕೆ ಅಡ್ಡಿಯೆಂದು ಅಧಿಕಾರಿಗಳು ಬಳಿಕ ಗುಂಪನ್ನು ಚದುರಿಸಿದರು.

ಕೋಯೆಸ್ ಸಹೋದರರ ಹಾಡುಗಳು ಈಗ ಇಂಡೊನೇಷ್ಯಾದ ಹಿರಿಯರ ನೆನಪಿನ ಸಂಪತ್ತು. ಅವನ್ನು ಗುನುಗುವ ಅಜ್ಜಂದಿರಲ್ಲಿ ಎಷ್ಟೋ ಮಂದಿ ಒಮ್ಮೆ ಪೊಲೀಸರ ಕತ್ತರಿಗೆ ಹೆದರಿ ಗಲ್ಲಿಗಳಲ್ಲಿ ಓಡಿದವರಿರಬೇಕು. ಮೊಮ್ಮಕ್ಕಳ ಉಡುಪು ಕಂಡು ಮುಖ ಸಿಂಡರಿಸುವ ಮುನ್ನ ಅವರು ಆ ಓಟವನ್ನು ನೆನೆದರೆ ಸಾಕು.